ಓದದ ಕಾಲೇಜಿಗೆ ಕಟ್ಟಿದ ಫೀ ಯಾರದು?

ಎರಡು ಕಾಲೇಜಿಗೆ ಅರ್ಜಿ ಹಾಕಿರುತ್ತೀರಿ. ಎರಡನೇ ಆಯ್ಕೆಯ ಸೀಟು ಮೊದಲು ಸಿಗುತ್ತದೆ. ಇಷ್ಟು ದಿನದೊಳಗೆ ದುಡ್ಡು ಕಟ್ಟಿ, ಇಲ್ಲದಿದ್ದರೆ ಸೀಟು ಬೇರೆಯವರಿಗೆ ಅಂತಾರೆ. ಕಟ್ಟುತ್ತೀರಿ. ಆಮೇಲೆ ಬೇಕಾದ ಕಾಲೇಜಿನಿಂದಲೇ ಕರೆ ಬರುತ್ತದೆ. ಹಣ ವಾಪಸ್ ಕೇಳಲು ಹೋದರೆ ರಸೀದಿಯ ಅಡಿಯ ಸಣ್ಣಕ್ಷರ ತೋರಿಸುತ್ತಾರೆ: 'ಒಮ್ಮೆ ಕಟ್ಟಿದ ಶುಲ್ಕವನ್ನು ಯಾವ ಕಾರಣಕ್ಕೂ ಹಿಂದಿರುಗಿಸುವುದಿಲ್ಲ.'

ಈ ಒಂದು ಸಾಲಿಗಾಗಿ ಹಲವು ದೇಶಗಳಲ್ಲಿ ಕೇಸು ನಡೆದಿವೆ. ಕೋರ್ಟು ಯಾವುದೇ ಇರಲಿ, ಕೊನೆಗೆ ಕೇಳಬೇಕಾಗಿ ಬರುವ ಪ್ರಶ್ನೆ ಒಂದೇ: ಆ ದುಡ್ಡು ಕೊಟ್ಟಿದ್ದು ಸೀಟಿಗಾ, ಪಾಠಕ್ಕಾ?

ಇದನ್ನು ಬಿಡಿಸಿ ನೋಡಿದ್ದು ಜಪಾನಿನ ಸುಪ್ರೀಂ ಕೋರ್ಟ್. ಅಲ್ಲಿ ಕಾಲೇಜು ಶುರುವಾಗುವುದು ಏಪ್ರಿಲ್ 1ಕ್ಕೆ. ಒಂದೊಂದು ವಿಶ್ವವಿದ್ಯಾಲಯದ ಪ್ರವೇಶ ಪರೀಕ್ಷೆ ಒಂದೊಂದು ದಿನ, ರಿಸಲ್ಟೂ ಹಾಗೇ. ಕೈಯಲ್ಲೊಂದು ಇರಲಿ ಅಂತ ಮಕ್ಕಳು ಮೊದಲು ಸಿಕ್ಕ ಖಾಸಗಿ ಸೀಟಿಗೆ ಪ್ರವೇಶ ಶುಲ್ಕದ ಜೊತೆ ಪಾಠದ ಶುಲ್ಕವನ್ನೂ ಕಟ್ಟಿಡುತ್ತಿದ್ದರು. ಹೋಗದಿದ್ದರೆ ಎರಡೂ ಹೋಯಿತು. 2001ರ ಏಪ್ರಿಲ್‌ನಲ್ಲಿ ಗ್ರಾಹಕ ಒಪ್ಪಂದ ಕಾಯ್ದೆ ಜಾರಿಗೆ ಬಂತು. ಗ್ರಾಹಕ ಒಪ್ಪಂದದಿಂದ ಹಿಂದೆ ಸರಿದರೆ ಸಂಸ್ಥೆಗೆ ಸಾಮಾನ್ಯವಾಗಿ ಆಗುವ ನಷ್ಟದಷ್ಟೇ ಕಡಿದುಕೊಳ್ಳಬಹುದು, ಅದಕ್ಕಿಂತ ಜಾಸ್ತಿ ಕಡಿಯುವ ಷರತ್ತು ನಡೆಯೋದಿಲ್ಲ ಅಂತ ಅದರಲ್ಲಿತ್ತು. ಅದನ್ನೇ ಹಿಡಿದು ವಿದ್ಯಾರ್ಥಿಗಳು ಒಬ್ಬರ ಹಿಂದೊಬ್ಬರು ಕೋರ್ಟಿಗೆ ಹೋದರು.

ತೀರ್ಪು ಬಂದಿದ್ದು 2006ರ ನವೆಂಬರ್ 27ಕ್ಕೆ. ಪ್ರವೇಶ ಶುಲ್ಕ ಸೀಟಿನ ಬೆಲೆ, ಸೀಟು ಕೊಟ್ಟಾಗಿದೆ, ಅದು ವಾಪಸ್ ಇಲ್ಲ. ಪಾಠದ ಶುಲ್ಕ ಪಾಠಕ್ಕೆ. ಮಾರ್ಚ್ 31ರೊಳಗೆ 'ಬರಲ್ಲ' ಅಂದವರಿಗೆ ಸಾಮಾನ್ಯವಾಗಿ ಅದನ್ನು ಕೊಡಲೇಬೇಕು. ಇದಕ್ಕೆ ಕೋರ್ಟ್ ಕೊಟ್ಟ ಕಾರಣ ನನಗೆ ಬಹಳ ಹಿಡಿಸಿತು. ಒಂದಷ್ಟು ಜನ ಬರೋದಿಲ್ಲ ಅಂತ ಗೊತ್ತಿದ್ದೇ ಕಾಲೇಜುಗಳು ಸೀಟಿಗಿಂತ ಹೆಚ್ಚು ಮಂದಿಯನ್ನು ಆರಿಸಿಕೊಳ್ಳುತ್ತವೆ. ಹಾಗಿದ್ದ ಮೇಲೆ ನಷ್ಟ ಎಲ್ಲಿಂದ ಬಂತು?

ಸೇರಿದ ಮೇಲೆ ಪಾಠವೇ ನಿಂತುಹೋದರೆ? 1970ರ ಮೇ ತಿಂಗಳಲ್ಲಿ ಅಮೆರಿಕದ ಕೆಂಟ್ ಸ್ಟೇಟ್ ವಿಶ್ವವಿದ್ಯಾಲಯದಲ್ಲಿ ನಾಲ್ವರು ವಿದ್ಯಾರ್ಥಿಗಳು ಗುಂಡೇಟಿಗೆ ಸತ್ತರು. ಪ್ರತಿಭಟನೆ ಹಬ್ಬಿ ಕಾಲೇಜುಗಳು ಬಾಗಿಲು ಹಾಕಿದವು. ನ್ಯೂಯಾರ್ಕ್ ವಿಶ್ವವಿದ್ಯಾಲಯದ ವಿದ್ಯಾರ್ಥಿಯೊಬ್ಬನ ತಂದೆ, ನಡೆಯದ ಕ್ಲಾಸಿನ ದುಡ್ಡು ಕೊಡಿ ಅಂತ ಕೇಸು ಹಾಕಿ ಗೆದ್ದರು. 1971ರಲ್ಲಿ ಮೇಲಿನ ಕೋರ್ಟ್ ಅದನ್ನು ರದ್ದು ಮಾಡಿತು. ಕಾಲೇಜು ಕೊಡುವುದನ್ನು ಕ್ಲಾಸಿನ ಗಂಟೆ ಎಣಿಸಿ ಅಳೆಯಲಾಗದು ಎಂಬುದು ಅದರ ವಾದ. ಐವತ್ತು ವರ್ಷ ಬಿಟ್ಟು, ಕೋವಿಡ್ ಕಾಲದಲ್ಲಿ, ಅದೇ ಜಗಳ ನೂರಾರು ಕೇಸುಗಳಾಗಿ ಮರಳಿ ಬಂತು. ಆನ್‌ಲೈನ್‌ನಲ್ಲಿ ಪಾಠ ಮಾಡಿದ್ದೀವಿ, ಮಾರ್ಕ್ಸ್ ಕೊಟ್ಟಿದ್ದೀವಿ ಅಂದವು ಕಾಲೇಜುಗಳು. ನಾವು ದುಡ್ಡು ಕೊಟ್ಟಿದ್ದು ಲ್ಯಾಬು, ಲೈಬ್ರರಿಗೂ ಅಲ್ವಾ ಅಂದರು ವಿದ್ಯಾರ್ಥಿಗಳು. ಕೆಲವು ಕೇಸು ಬಿದ್ದುಹೋದವು, ಕೆಲವು ನಿಂತವು. ಕೊಲಂಬಿಯಾ ವಿಶ್ವವಿದ್ಯಾಲಯ 1.25 ಕೋಟಿ ಡಾಲರ್‌ಗೆ ರಾಜಿ ಮಾಡಿಕೊಂಡಿತು.

ಭಾರತದ ಕಥೆಯಲ್ಲಿ ಫೀ ಜೊತೆ ಇನ್ನೊಂದು ವಸ್ತು ಇದೆ: ಒರಿಜಿನಲ್ ಮಾರ್ಕ್ಸ್ ಕಾರ್ಡ್. ಅದು ಕಾಲೇಜಿನ ಬೀರುವಿನಲ್ಲಿದ್ದರೆ ವಿದ್ಯಾರ್ಥಿ ಎಲ್ಲಿಗೆ ಹೋದಾನು? 2003ರಲ್ಲಿ, ಕರ್ನಾಟಕ ಸರ್ಕಾರವೂ ಕಕ್ಷಿಯಾಗಿದ್ದ ಇಸ್ಲಾಮಿಕ್ ಅಕಾಡೆಮಿ ಪ್ರಕರಣದಲ್ಲಿ, ಸುಪ್ರೀಂ ಕೋರ್ಟ್ ಒಂದು ಬೇಲಿ ಹಾಕಿತು. ಒಂದು ಸಲಕ್ಕೆ ಒಂದು ವರ್ಷದ ಅಥವಾ ಒಂದು ಸೆಮಿಸ್ಟರ್‌ನ ಫೀ ಮಾತ್ರ ತೆಗೆದುಕೊಳ್ಳಬೇಕು. ನಡುವೆ ಬಿಟ್ಟು ಹೋಗುತ್ತಾರೆ ಅನ್ನೋ ಭಯವಿದ್ದರೆ ಬಾಂಡ್ ಇಲ್ಲವೇ ಬ್ಯಾಂಕ್ ಗ್ಯಾರಂಟಿ ಕೇಳಬಹುದು. 2007ರ ಏಪ್ರಿಲ್‌ನಲ್ಲಿ, ವಿಶ್ವವಿದ್ಯಾಲಯಗಳಿಗೆ ನಿಯಮ ಹಾಕುವ ಯುಜಿಸಿ ಪ್ರಕಟಣೆ ಹೊರಡಿಸಿತು: ಕೋರ್ಸ್ ಶುರುವಾಗುವ ಮುಂಚೆ ಬಿಟ್ಟರೆ ಹೆಚ್ಚೆಂದರೆ 1,000 ರೂಪಾಯಿ ಹಿಡಿದುಕೊಂಡು ಉಳಿದದ್ದು ಕೊಡಿ, ಮಾರ್ಕ್ಸ್ ಕಾರ್ಡ್ ಇಟ್ಟುಕೊಳ್ಳಬೇಡಿ. 2018ರಲ್ಲಿ ಲೆಕ್ಕ ಇನ್ನೂ ಬಿಗಿಯಾಯಿತು. ಪ್ರವೇಶದ ಕೊನೇ ದಿನಕ್ಕೆ 15 ದಿನವೋ ಇನ್ನೂ ಜಾಸ್ತಿಯೋ ಇರುವಾಗ ಬಿಟ್ಟರೆ ಪೂರ್ತಿ ಹಣ, ಆಮೇಲೆ ಶೇ 90, ಶೇ 80, ಶೇ 50. ಕೊನೇ ದಿನ ಕಳೆದು 30 ದಿನ ದಾಟಿದರೆ ಸೊನ್ನೆ. ಪೂರ್ತಿ ವಾಪಸ್ ಕೊಡುವಾಗಲೂ ಖರ್ಚಿನ ಹೆಸರಲ್ಲಿ 5,000 ರೂಪಾಯಿವರೆಗೆ ಹಿಡಿದುಕೊಳ್ಳಬಹುದಿತ್ತು.

ಇಷ್ಟಾದರೂ ಕಾಲೇಜು ಕೊಡದಿದ್ದರೆ ಎಲ್ಲಿಗೆ ಹೋಗೋದು? ಜನ ಮೊದಲು ಹಿಡಿಯುತ್ತಿದ್ದ ದಾರಿ ಗ್ರಾಹಕರ ಕೋರ್ಟ್. 2010ರಲ್ಲಿ ಸುಪ್ರೀಂ ಕೋರ್ಟ್, ಮಹರ್ಷಿ ದಯಾನಂದ ವಿಶ್ವವಿದ್ಯಾಲಯದ ಪ್ರಕರಣದಲ್ಲಿ, ವಿದ್ಯಾರ್ಥಿ ಗ್ರಾಹಕನಲ್ಲ ಅಂದಿತು. ಅದಾದ ಮೇಲೂ ಬೇರೆ ಬೇರೆ ಪೀಠ ಬೇರೆ ಬೇರೆ ಮಾತಾಡಿದ್ದರಿಂದ ರಾಷ್ಟ್ರೀಯ ಗ್ರಾಹಕ ಆಯೋಗ ದೊಡ್ಡ ಪೀಠ ಕೂರಿಸಿತು. 2020ರ ಜನವರಿಯಲ್ಲಿ, ಶಿಕ್ಷಣ ಸಂಸ್ಥೆಗಳು ಗ್ರಾಹಕರ ಕಾನೂನಿನ ಹೊರಗೆ ಅಂತ ತೀರ್ಮಾನವಾಯಿತು. ಆದರೆ ಅದೇ ಆದೇಶ ಕೋಚಿಂಗ್ ಸೆಂಟರ್‌ಗಳನ್ನು ಶಿಕ್ಷಣ ಸಂಸ್ಥೆ ಅಂತ ಒಪ್ಪಲಿಲ್ಲ. ಹಾಗಾಗಿ ಸಂಜೆ ಕೋಚಿಂಗ್ ಹೇಳಿಕೊಡುವವರ ಮೇಲೆ ಗ್ರಾಹಕರ ಕೋರ್ಟಿಗೆ ಹೋಗಬಹುದು. ಬೆಳಿಗ್ಗೆ ಅದೇ ಫಿಸಿಕ್ಸ್ ಹೇಳಿಕೊಡುವ ಕಾಲೇಜಿನ ಮೇಲೆ ಆಗಲ್ಲ.