ಊಟಕ್ಕೆ ಭತ್ತ, ಹರಾಜಿಗೆ ಮೀನು

ಪಣಜಿಯ ಪಕ್ಕದ ರಿಬಂದರ್‌ನಲ್ಲಿ ಫೆರ್ರಿ ಹತ್ತಿ ಮಾಂಡವಿ ದಾಟಿದರೆ ದಿವಾರ್ ದ್ವೀಪ. ಮೊದಲ ಸಲ ಅಲ್ಲಿ ಇಳಿದಾಗ ಕುಮಟಾ ಕಡೆಯವನಾದ ನನಗೆ ಪರವೂರು ಅನ್ನಿಸಲೇ ಇಲ್ಲ. ನಮ್ಮ ಅಘನಾಶಿನಿ ದಂಡೆಯ ಗಜನಿ ಗದ್ದೆಗಳೇ ಇಲ್ಲಿಯೂ ಇದ್ದವು. ಹೆಸರು ಮಾತ್ರ ಖಜಾನ್. ನಮ್ಮಲ್ಲಿ ಕಗ್ಗ ಭತ್ತ, ಇವರಲ್ಲಿ ಕೊರ್ಗುಟ್. ಎರಡೂ ಉಪ್ಪನ್ನು ತಾಳಿಕೊಳ್ಳುವ ತಳಿಗಳು.

ಈ ಗದ್ದೆಗಳು ಉಬ್ಬರದ ನೀರಿನ ಮಟ್ಟಕ್ಕಿಂತ ತಗ್ಗಿನಲ್ಲಿವೆ. ನದಿಗೂ ಗದ್ದೆಗೂ ನಡುವೆ ಮಣ್ಣಿನ ಏರಿ, ಏರಿಯಲ್ಲೊಂದು ತೂಬು. ಉಬ್ಬರ ಬಂದಾಗ ನದಿಯ ನೀರೇ ತೂಬಿನ ಮರದ ಕದವನ್ನು ಒತ್ತಿ ಮುಚ್ಚುತ್ತದೆ. ಇಳಿತ ಶುರುವಾದಾಗ ಗದ್ದೆಯ ನೀರು ಅದನ್ನು ಹೊರಕ್ಕೆ ತಳ್ಳಿ ತೆರೆಯುತ್ತದೆ. ಮೋಟಾರು ಬೇಡ, ವಿದ್ಯುತ್ತು ಬೇಡ. ಜೂನ್ ತಿಂಗಳ ಮೊದಲ ಮಳೆಗಳು ಮಣ್ಣಿನ ಉಪ್ಪನ್ನು ತೊಳೆದುಕೊಂಡು ಹೋದ ಮೇಲೆ ಬಿತ್ತನೆ. ಗಂಟೆಗಟ್ಟಲೆ ಏರಿಯ ಮೇಲೆ ಕುಳಿತು ಆ ಕದ ಆಡುವುದನ್ನು ನೋಡಿದ್ದೇನೆ. ಇಂಥದ್ದನ್ನು ಕಟ್ಟಿದ ಹಿರಿಯರ ಮೇಲೆ ಗೌರವ ಉಕ್ಕುತ್ತದೆ.

ಮನೆಯವರ ಹೊಟ್ಟೆಗೆಂದು ಬೆಳೆದರೆ ಜೀವನಾಧಾರ ಬೇಸಾಯ, ಮಾರುವುದಕ್ಕೆಂದು ಬೆಳೆದರೆ ವಾಣಿಜ್ಯ ಬೇಸಾಯ ಎಂದು ಶಾಲೆಯಲ್ಲಿ ಬೇರೆ ಬೇರೆ ಪಾಠಗಳಾಗಿ ಕಲಿತಿದ್ದೆವು. 1936ರಲ್ಲಿ ಅಮೆರಿಕದ ಭೂಗೋಳಶಾಸ್ತ್ರಜ್ಞ ಡರ್ವೆಂಟ್ ವಿಟಲ್ಸಿ ಜಗತ್ತಿನ ಬೇಸಾಯವನ್ನು ವಿಂಗಡಿಸಿದಾಗ ಬಳಸಿದ ಐದು ಅಳತೆಗೋಲುಗಳಲ್ಲಿ, ಬೆಳೆದದ್ದು ಎಲ್ಲಿಗೆ ಹೋಗುತ್ತದೆ ಎಂಬುದೂ ಒಂದು. ಜಮೀನಿನ ವಿಸ್ತಾರಕ್ಕಿಂತ ಈ ಪ್ರಶ್ನೆಯೇ ನನಗೆ ದೊಡ್ಡದಾಗಿ ಕಾಣುತ್ತದೆ. ಮನೆಗೆಂದು ಬಿತ್ತುವವರಿಗೆ ಬೆಳೆ ಕೈಕೊಡದಿದ್ದರೆ ಸಾಕು. ಕೊರ್ಗುಟ್‌ನ ಇಳುವರಿ ಕಡಿಮೆ, ಆದರೆ ಸ್ವಲ್ಪ ಉಪ್ಪುನೀರು ನುಗ್ಗಿದರೂ ಅದು ತಡೆದುಕೊಳ್ಳುತ್ತದೆ.

ಕೊಯ್ಲು ಮುಗಿದ ಮೇಲೆ ಅದೇ ಜಾಗ ಪೇಟೆಯ ಕಡೆ ಮುಖ ಮಾಡುತ್ತದೆ. ತೂಬಿನ ಬಾಯಿಗೆ ಬಲೆ ಕಟ್ಟಿ ಸಿಗಡಿ, ಮೀನು ಹಿಡಿಯುವ ಹಕ್ಕನ್ನು ಹರಾಜು ಹಾಕುತ್ತಾರೆ. ಊರಿನ ಜಮೀನನ್ನು ಊರವರೇ ಒಟ್ಟಾಗಿ ನೋಡಿಕೊಳ್ಳುವ ಹಳೆಯ ಗಾಂವ್ಕಾರಿ ಪದ್ಧತಿಯಲ್ಲಿ ಏರಿ ಕಾಯುವ ಹೊಣೆ ಊರಿನದ್ದು, ಹರಾಜಿನ ಆದಾಯವೂ ಊರಿನದ್ದು. ಹೀಗಾಗಿ ಮಾರುವ ಮೀನೇ ಉಣ್ಣುವ ಭತ್ತವನ್ನು ಕಾಯುತ್ತಿತ್ತು.

ಸಿಗಡಿಯ ಬೆಲೆ ಏರಿದಂತೆ ಈ ಹೊಂದಾಣಿಕೆ ಕದಲಿತು. ಮಳೆಗಾಲದಲ್ಲೂ ಉಪ್ಪುನೀರು ಒಳಗೇ ಇದ್ದರೆ ಮೀನಿಗೆ ಲಾಭ, ಭತ್ತಕ್ಕೆ ಸಾವು. ಬೇಕೆಂದೇ ಏರಿ ಒಡೆದ ದೂರುಗಳು ಗೋವಾದಲ್ಲಿ ಹೊಸತಲ್ಲ. ನೀರು ನಿಂತ ಗದ್ದೆಗೆ ಉಪ್ಪುನೀರಿನಲ್ಲಿ ಬೆಳೆಯುವ ಕಾಂಡ್ಲಾ (ಮ್ಯಾಂಗ್ರೋವ್) ಗಿಡಗಳು ಬರುತ್ತವೆ. ಬೇರು ಬಿಟ್ಟ ಮೇಲೆ ಅಲ್ಲಿ ಮತ್ತೆ ನೇಗಿಲು ಇಳಿಯುವುದು ಕಷ್ಟ. ಮೀನು ಮಾರುವುದು ತಪ್ಪೆಂದು ನಾನು ಹೇಳುವುದಿಲ್ಲ. ಅನ್ನದ ಗದ್ದೆಯನ್ನೇ ಮುಳುಗಿಸಿ ಮಾರುವುದು ಮಾತ್ರ ನನಗೆ ಸಂಕಟ ತರುತ್ತದೆ.

ಕಳೆದ ಮಳೆಗಾಲದಲ್ಲಿ ದಿವಾರ್‌ನ ಗದ್ದೆಯೊಂದರಲ್ಲಿ ಕಳೆ ಕೀಳುತ್ತಿದ್ದವರ ನಡುವೆ ಕನ್ನಡ ಕೇಳಿಸಿತು. ಸವದತ್ತಿ ಕಡೆಯ ಹೆಂಗಸರು. ಊರಲ್ಲಿ ಹೊಲ ಇದೆಯೇ ಎಂದು ಒಬ್ಬರನ್ನು ಕೇಳಿದೆ.

"ಇದೆ ಅಣ್ಣಾ, ತಮ್ಮ ನೋಡಿಕೊಳ್ಳುತ್ತಾನೆ. ಬೀಜ, ಗೊಬ್ಬರಕ್ಕೆ ಇಲ್ಲಿಯ ಕೂಲಿ ಹಣವೇ ಹೋಗುತ್ತದೆ. ಹತ್ತಿ ಪೇಟೆಗೆ ಕಳಿಸುತ್ತೇವೆ. ಜೋಳ ಮಾತ್ರ ಮಾರುವುದಿಲ್ಲ."

ಮಧ್ಯಾಹ್ನ ಏರಿಯ ಮೇಲೆ ಕುಳಿತು ಅವರು ಬುತ್ತಿ ಬಿಚ್ಚಿದರು. ಊರಿನಿಂದ ತಂದ ಕಟಕ ರೊಟ್ಟಿ, ಶೇಂಗಾ ಚಟ್ನಿ. ನನಗೂ ಒಂದು ರೊಟ್ಟಿ ಮುರಿದು ಕೊಟ್ಟರು.