ಪದ ಪರಿಚಯ: ಕಾರ್ನಿವಲ್ ಸಿನಿಮಾ

ಊರಿಂದ ಊರಿಗೆ ಹೋಗಿ, ಮೈದಾನದಲ್ಲಿ ಡೇರೆ ಹಾಕಿ, ಆಟ ತೋರಿಸಿ, ದುಡ್ಡು ಮಾಡಿಕೊಂಡು ಮುಂದಿನ ಊರಿಗೆ ಹೊರಡುವ ಜನ ಇದ್ದಾರಲ್ಲ, ಅವರ ಲೋಕದೊಳಗೆ ನಡೆಯುವ ಸಿನಿಮಾಗಳಿಗೆ ಕಾರ್ನಿವಲ್ ಸಿನಿಮಾ ಎನ್ನುತ್ತಾರೆ. ತೊಟ್ಟಿಲು (ಜಾಯಿಂಟ್ ವೀಲ್), ತಿರುಗುವ ಮರದ ಕುದುರೆ, ರಿಂಗ್ ಎಸೆಯುವ ಅಂಗಡಿ, ಭವಿಷ್ಯ ಹೇಳುವವಳು, ಕತ್ತಿ ನುಂಗುವವನು ಎಲ್ಲ ಅದರಲ್ಲಿ ಇರುತ್ತವೆ. ಆದರೆ ಇಷ್ಟು ಇದ್ದ ಮಾತ್ರಕ್ಕೆ ಅದು ಕಾರ್ನಿವಲ್ ಸಿನಿಮಾ ಆಗುವುದಿಲ್ಲ. ಕ್ಯಾಮೆರಾ ಯಾರ ಪಕ್ಕ ನಿಂತಿದೆ ಅನ್ನುವುದು ಮುಖ್ಯ. ಟಿಕೆಟ್ ಕೊಳ್ಳುವವರ ಪಕ್ಕವೋ, ಟಿಕೆಟ್ ಹರಿಯುವವರ ಪಕ್ಕವೋ?

ಕಾರ್ನಿವಲ್ ಅಂದ ಕೂಡಲೇ ನಮ್ಮ ಕಡೆಯವರಿಗೆ ನೆನಪಾಗುವುದು ಗೋವಾ. ಅದು ಬೇರೆಯೇ. ಕ್ರೈಸ್ತರ ತಪಸ್ಸು ಕಾಲ ಶುರುವಾಗುವ ಮುಂಚೆ ಬೀದಿಯಲ್ಲಿ ನಡೆಯುವ ಮೆರವಣಿಗೆ, ಕುಣಿತ ಅದು. ಸಿನಿಮಾದವರು ಹೇಳುವ ಕಾರ್ನಿವಲ್ ಬೆಳೆದದ್ದು ಅಮೆರಿಕದಲ್ಲಿ. 1893ರಲ್ಲಿ ಚಿಕಾಗೊದಲ್ಲಿ ದೊಡ್ಡ ವಿಶ್ವಮೇಳ ನಡೆಯಿತು. ಜಾರ್ಜ್ ಫೆರಿಸ್ ಎಂಬ ಎಂಜಿನಿಯರ್ ಅಲ್ಲಿ 264 ಅಡಿ ಎತ್ತರದ ಚಕ್ರ ನಿಲ್ಲಿಸಿದ. ಚಕ್ರ ಇದ್ದ ಬೀದಿಗೆ ಮಿಡ್‌ವೇ ಎಂದು ಹೆಸರು. ಅಲ್ಲಿ ಆಟ, ತಿಂಡಿ, ಕುಣಿತ, ವಿಚಿತ್ರಗಳ ಪ್ರದರ್ಶನ. ಮೇಳ ಮುಗಿದರೂ ಆ ಬೀದಿ ಜನರ ತಲೆಯಿಂದ ಹೋಗಲಿಲ್ಲ. ಅಂಥದೇ ಬೀದಿಯನ್ನು ಕಳಚಿ ರೈಲಿಗೆ ಹೇರಿಕೊಂಡು ಸಣ್ಣ ಸಣ್ಣ ಊರುಗಳಿಗೆ ಹೊರಟವರು ಆಮೇಲೆ ಹುಟ್ಟಿಕೊಂಡರು.

ಸರ್ಕಸ್ಸಿಗೆ ಬಾಗಿಲಲ್ಲೇ ಒಂದು ಟಿಕೆಟ್. ಒಳಗೆ ಹೋಗಿ ಕೂರಬೇಕು. ಆಟಕ್ಕೆ ಶುರು ಇದೆ, ಕೊನೆ ಇದೆ. ಕಾರ್ನಿವಲ್‌ನಲ್ಲಿ ಜನ ನಡೆಯುತ್ತಲೇ ಇರುತ್ತಾರೆ. ಪ್ರತಿ ಡೇರೆಯ ಮುಂದೆ ಒಬ್ಬ ಕೂಗಿ ಕರೆಯುತ್ತಾನೆ. ಪ್ರತಿ ಡೇರೆಗೂ ಬೇರೆ ದುಡ್ಡು. ಹಾಗಾಗಿ ಇಲ್ಲಿ ಬಾಯಿಯೇ ಬಂಡವಾಳ. ಸಿನಿಮಾದಲ್ಲಿ ಮಾತ್ರ ಈ ಗೆರೆ ಅಷ್ಟು ಗಟ್ಟಿ ಅಲ್ಲ. ಸರ್ಕಸ್ ಕಥೆಯಾದರೂ ಅದು ಡೇರೆಯ ಹಿಂದಿನ ಬದುಕನ್ನು ತೋರಿಸಿದರೆ ಇದೇ ಪಟ್ಟಿಗೆ ಸೇರಿಸುವವರು ಜಾಸ್ತಿ. ನಾನೂ ಸೇರಿಸುತ್ತೇನೆ.

ಕೋಟೇಶ್ವರದ ಕೊಡಿ ಹಬ್ಬಕ್ಕೆ ಹೋದವರಿಗೆ ಈ ಲೋಕ ಹೊಸತಲ್ಲ. ಹೊಸದಾಗಿ ಮದುವೆಯಾದವರು ಕಬ್ಬಿನ ಕೊಡಿ ಹಿಡಿದು ಮನೆಗೆ ಹೋಗುತ್ತಾರೆ. ಉಳಿದವರು ಚರ್ಮುರಿ ತಿಂದು, ಬಳೆ ಅಂಗಡಿ ಸುತ್ತಿ, ತೊಟ್ಟಿಲು ಹತ್ತಿ ಬರುತ್ತಾರೆ. ಕಾರ್ಕಳದ ಅತ್ತೂರು ಜಾತ್ರೆಗೆ ಹೋಗಿ, ಮಂಗಳೂರಿನ ಕರಾವಳಿ ಉತ್ಸವ ಮೈದಾನಕ್ಕೆ ಹೋಗಿ, ಇದೇ ಗೌಜಿ. ಒಮ್ಮೆ ತೊಟ್ಟಿಲಿನ ಮುಂದಿನಿಂದ ಹಿಂದಕ್ಕೆ ನಡೆದು ನೋಡಿ. ಎರಡು ಕಬ್ಬಿಣದ ಕಂಬದ ನಡುವೆ ಹಗ್ಗ ಕಟ್ಟಿ ಅಂಗಿ, ಲುಂಗಿ ಒಣಹಾಕಿರುತ್ತಾರೆ. ಜನರೇಟರ್ ಪಕ್ಕದಲ್ಲೇ ಸ್ಟವ್. ತೊಟ್ಟಿಲು ತಿರುಗಿಸುವ ಹುಡುಗ, ಒಂದು ಸುತ್ತಿನವರು ಇಳಿದು ಇನ್ನೊಂದು ಸುತ್ತಿನವರು ಹತ್ತುವಷ್ಟರಲ್ಲಿ ನಾಲ್ಕು ತುತ್ತು ಅನ್ನ ಬಾಯಿಗೆ ಹಾಕಿಕೊಂಡು ಕೈ ತೊಳೆದಿರುತ್ತಾನೆ. ಅವನಿಗೆ ನಮ್ಮ ಹಬ್ಬದ ಕಥೆ ಗೊತ್ತಿರಬೇಕೆಂದೇನಿಲ್ಲ. ಮುಂದಿನ ಊರು ಯಾವುದು, ಲಾರಿ ಎಷ್ಟು ಹೊತ್ತಿಗೆ ಹೊರಡುತ್ತದೆ, ಅಷ್ಟು ಗೊತ್ತಿದ್ದರೆ ಸಾಕು. ಕಾರ್ನಿವಲ್ ಸಿನಿಮಾ ಶುರುವಾಗುವುದು ಇಂಥ ಜಾಗದಿಂದ.

ಯಕ್ಷಗಾನ ನೋಡುವವರಿಗೆ ಇದು ಬೇಗ ಅರ್ಥವಾಗುತ್ತದೆ. ರಂಗಸ್ಥಳದ ಮುಂದೆ ಕೂತು ಆಟ ನೋಡುವುದು ಒಂದು. ಚೌಕಿಯೊಳಗೆ, ಅಂದರೆ ವೇಷ ಕಟ್ಟುವ ಜಾಗಕ್ಕೆ ಹೋಗಿ, ಬಣ್ಣ ಹಚ್ಚುತ್ತಾ ಕೂತ ಕಲಾವಿದರ ಮಾತು ಕೇಳುವುದು ಇನ್ನೊಂದು. ತಿರುಗಾಟದ ನಿದ್ದೆಗೇಡು, ಸಂಬಳ, ಪತ್ತನಾಜೆ (ಮೇ ಕೊನೆಗೆ ತಿರುಗಾಟ ಮುಗಿಯುವ ದಿನ) ಕಳೆದ ಮೇಲೆ ಮಳೆಗಾಲ ದೂಡುವ ಚಿಂತೆ ಎಲ್ಲ ಅಲ್ಲಿ ಕೇಳಿಸುತ್ತದೆ. ನಾನು ಹೇಳುತ್ತಿರುವ ಸಿನಿಮಾಗಳು ಚೌಕಿಯ ಕಡೆಯವು.

ಈ ಅಳತೆಗೋಲು ಹಿಡಿದರೆ ಕೆಲವು ಪ್ರಸಿದ್ಧ ಚಿತ್ರಗಳು ಹೊರಗೆ ಉಳಿಯುತ್ತವೆ. 1949ರ ‘ದಿ ಥರ್ಡ್ ಮ್ಯಾನ್’ನಲ್ಲಿ ವಿಯೆನ್ನಾದ ದೊಡ್ಡ ಚಕ್ರದೊಳಗೆ ನಡೆಯುವ ಮಾತುಕತೆ ಮರೆಯುವಂಥದ್ದಲ್ಲ. 1951ರಲ್ಲಿ ಹಿಚ್‌ಕಾಕ್ ಮಾಡಿದ ‘ಸ್ಟ್ರೇಂಜರ್ಸ್ ಆನ್ ಎ ಟ್ರೇನ್’ನ ಕೊನೆಗೆ ಮರದ ಕುದುರೆಗಳ ಚಕ್ರ ಹುಚ್ಚು ವೇಗದಲ್ಲಿ ತಿರುಗುತ್ತದೆ. ಅದನ್ನು ನಿಲ್ಲಿಸಲು ಒಬ್ಬ ಮುದುಕ ಅದರ ಅಡಿಯಲ್ಲಿ ತೆವಳಿಕೊಂಡು ಹೋಗುತ್ತಾನೆ. ಅದು ಟ್ರಿಕ್ ಅಲ್ಲ, ಒಬ್ಬ ನಿಜವಾಗಿಯೇ ತೆವಳಿದ್ದ. ಆದರೂ ಇವು ಕಾರ್ನಿವಲ್ ಸಿನಿಮಾ ಅಲ್ಲ. ಕಥೆಯವರು ಅಲ್ಲಿಗೆ ಬಂದು ಹೋಗುವವರು. ಆ ತೆವಳಿದ ಮುದುಕನ ಹೆಸರು ಕೂಡ ನಮಗೆ ಗೊತ್ತಾಗುವುದಿಲ್ಲ.

ಒಳಗಿನವರ ಸಿನಿಮಾ ಹೇಗಿರುತ್ತದೆ ಅಂತ ನೋಡಲು ‘ಲಾ ಸ್ಟ್ರಾಡಾ’ಗಿಂತ ಒಳ್ಳೆಯ ಉದಾಹರಣೆ ನನಗೆ ಸಿಕ್ಕಿಲ್ಲ. 1954ರಲ್ಲಿ ಇಟಲಿಯ ಫೆಡೆರಿಕೊ ಫೆಲಿನಿ ಮಾಡಿದ್ದು. ಜಂಪಾನೊ ಬೀದಿಯಲ್ಲಿ ಬಲಪ್ರದರ್ಶನ ಮಾಡುವವನು. ಮೋಟಾರ್ ಸೈಕಲ್ಲಿಗೆ ಗಾಡಿ ಕಟ್ಟಿ ಅದನ್ನೇ ಮನೆ ಮಾಡಿಕೊಂಡವನು. ಜೆಲ್ಸೊಮೀನಾ ಎಂಬ ಬಡ ಹುಡುಗಿಯನ್ನು ಅವಳ ತಾಯಿಗೆ 10,000 ಲಿರಾ ಕೊಟ್ಟು ಕರೆದುಕೊಂಡು ಹೋಗುತ್ತಾನೆ. ಅವನಿಗೆ ಗೊತ್ತಿರುವುದು ಒಂದೇ ಆಟ. ಎದೆಗೆ ಕಬ್ಬಿಣದ ಸರಪಳಿ ಸುತ್ತಿ, ಉಸಿರು ತುಂಬಿ, ಅದರ ಕೊಂಡಿ ಬಿಡಿಸುವುದು. ಅದಕ್ಕೆ ಮುಂಚೆ ಒಂದು ಭಾಷಣ. ಸರಪಳಿ ಎಷ್ಟು ದಪ್ಪ ಇದೆ, ಎದೆಗೆ ಬಟ್ಟೆ ಕಟ್ಟಿದ್ದು ತನ್ನ ರಕ್ಷಣೆಗಲ್ಲ, ರಕ್ತ ಕಂಡರೆ ನಿಮಗೆ ಕಷ್ಟವಾದೀತೆಂದು, ಧೈರ್ಯ ಇಲ್ಲದವರು ಆಚೆ ನೋಡಿ ಅಂತ. ಮೊದಲ ಸಲ ಕೇಳುವಾಗ ನಾವೂ ಆ ಹಳ್ಳಿಯವರ ಜೊತೆ ನಿಂತು ಕಣ್ಣರಳಿಸುತ್ತೇವೆ. ಆಮೇಲೆ ಬೇರೆ ಊರು, ಅದೇ ಭಾಷಣ. ಮತ್ತೊಂದು ಊರು, ಅದೇ ಭಾಷಣ. ಸಿನಿಮಾದ ಕೊನೆಯ ಹೊತ್ತಿಗೆ ಅವನು ಅದನ್ನು ಗಿಳಿಪಾಠದಂತೆ ಒಪ್ಪಿಸುತ್ತಾನೆ. ಮಾತು ಬದಲಾಗಿಲ್ಲ, ಮನುಷ್ಯ ಸೋತಿದ್ದಾನೆ. ನೋಡುವವರಿಗೆ ಪ್ರತಿ ಸಲ ಹೊಸ ಆಟ, ಆಡುವವನಿಗೆ ಅದೇ ಹಳೇ ಕೂಳಿನ ದಾರಿ. ಇದನ್ನು ಒಂದು ಸರಪಳಿಯಲ್ಲಿ ತೋರಿಸಿಬಿಟ್ಟ ಫೆಲಿನಿ. ವಿದೇಶಿ ಭಾಷೆಯ ಚಿತ್ರಗಳಿಗೆ ಸ್ಪರ್ಧೆ ಇಟ್ಟು ಕೊಟ್ಟ ಮೊದಲ ಆಸ್ಕರ್ ಇದಕ್ಕೇ ಬಂತು.

ಮೋಸ ಈ ಲೋಕದ ಇನ್ನೊಂದು ಮುಖ. ವಿಲಿಯಂ ಲಿಂಡ್ಸೆ ಗ್ರೆಶಂ 1946ರಲ್ಲಿ ಬರೆದ ಕಾದಂಬರಿ ‘ನೈಟ್‌ಮೇರ್ ಆ್ಯಲಿ’. ಮರುವರ್ಷವೇ ಎಡ್ಮಂಡ್ ಗೋಲ್ಡಿಂಗ್ ಅದನ್ನು ಸಿನಿಮಾ ಮಾಡಿದರು. 2021ರಲ್ಲಿ ಗಿಯೆರ್ಮೊ ದೆಲ್ ತೋರೊ ಮತ್ತೊಮ್ಮೆ ಮಾಡಿದರು. ಕಾರ್ನಿವಲ್‌ನಲ್ಲಿ ಎಲ್ಲರಿಗಿಂತ ಕೆಳಗಿನ ಕೆಲಸ ಒಂದಿದೆ. ಹೊಂಡದೊಳಗೆ ಕೂತು ಜೀವಂತ ಕೋಳಿಯ ಕತ್ತು ಕಚ್ಚುವುದು. ಜನ ದುಡ್ಡು ಕೊಟ್ಟು ಅದನ್ನು ನೋಡುತ್ತಾರೆ. ಒಬ್ಬ ಮನುಷ್ಯ ಈ ಮಟ್ಟಕ್ಕೆ ಇಳಿಯುವುದು ಹೇಗೆ? ದೆಲ್ ತೋರೊ ಚಿತ್ರದಲ್ಲಿ ಮಾಲೀಕನೇ ಗುಟ್ಟು ಬಿಚ್ಚುತ್ತಾನೆ. ಕುಡಿತದ ದಾಸನೊಬ್ಬನನ್ನು ಹುಡುಕಬೇಕು. ‘ಸುಮ್ನೆ ತಾತ್ಕಾಲಿಕ ಕೆಲಸ, ಬೇರೆಯವನು ಸಿಗುವವರೆಗೆ’ ಅನ್ನಬೇಕು. ದಿನಾ ಬಾಟಲಿ ಕೊಡಬೇಕು. ಕೆಲವು ದಿನ ಆದ ಮೇಲೆ, ‘ನಿನ್ನಿಂದ ಆಗ್ತಿಲ್ಲ, ನಿಜವಾದವನನ್ನು ಕರೆಸ್ತೇನೆ’ ಅಂತ ಹೆದರಿಸಬೇಕು. ಬಾಟಲಿ ತಪ್ಪೀತು ಅನ್ನುವ ಹೆದರಿಕೆಯಲ್ಲಿ ಅವನು ಹೇಳಿದ್ದೆಲ್ಲ ಮಾಡುತ್ತಾನೆ. ನೋಡಿದ ಮೇಲೆ ಕೆಲವು ದಿನ ಮನಸ್ಸು ಸರಿಯಿರುವುದಿಲ್ಲ. ಆದರೆ ಈ ಪದದ ಪೂರ್ತಿ ತೂಕ ಗೊತ್ತಾಗಬೇಕಾದರೆ ಇದನ್ನು ನೋಡಲೇಬೇಕು. ಮನಸ್ಸಿನಲ್ಲಿರುವುದನ್ನು ಹೇಳುವ ಆಟದ ಒಳಗುಟ್ಟೂ ಇದರಲ್ಲಿದೆ. ಸಹಾಯಕಿ ಪ್ರಶ್ನೆ ಕೇಳುವ ಧಾಟಿಯಲ್ಲೇ ಉತ್ತರದ ಸುಳಿವು ಅಡಗಿರುತ್ತದೆ. ಎರಡು ಚಿತ್ರಗಳಲ್ಲಿ ನನಗೆ 1947ರದ್ದೇ ಹೆಚ್ಚು ಇಷ್ಟ. ಕಪ್ಪು ಬಿಳುಪಿನಲ್ಲಿ ಡೇರೆಗಳ ಬಡತನ ಹೆಚ್ಚು ನಿಜ ಅನಿಸುತ್ತದೆ.

ಒಳಗಿನಿಂದಲೇ ಬಂದ ನಿರ್ದೇಶಕ ಟಾಡ್ ಬ್ರೌನಿಂಗ್. ಹುಡುಗನಾಗಿದ್ದಾಗ ಮನೆ ಬಿಟ್ಟು ಓಡಿಹೋಗಿ ಕಾರ್ನಿವಲ್ ಸೇರಿದವನು. ‘ಡ್ರಾಕುಲಾ’ ಗೆದ್ದ ಬೆನ್ನಿಗೆ 1932ರಲ್ಲಿ ‘ಫ್ರೀಕ್ಸ್’ ಮಾಡಿದ. ಸರ್ಕಸ್ಸಿನ ಪಕ್ಕದ ಡೇರೆಯಲ್ಲಿ ಅಂಗವಿಕಲರನ್ನು, ಕುಳ್ಳರನ್ನು ಕೂರಿಸಿ ತೋರಿಸುವ ರೂಢಿ ಆಗ ಇತ್ತು. ಬ್ರೌನಿಂಗ್ ವೇಷ ಹಾಕಿಸಲಿಲ್ಲ, ಅವರನ್ನೇ ಕರೆದು ಪಾತ್ರ ಕೊಟ್ಟ. ಕೈಕಾಲು ಎರಡೂ ಇಲ್ಲದ ಒಬ್ಬರು ಬಾಯಿಂದಲೇ ಬೆಂಕಿಕಡ್ಡಿ ಗೀರಿ ಸಿಗರೇಟು ಹಚ್ಚುವ ದೃಶ್ಯ ಇದೆ. ಎದುರಿಗಿದ್ದವನು ತನ್ನ ಪಾಡಿಗೆ ಮಾತಾಡುತ್ತಲೇ ಇರುತ್ತಾನೆ, ಅದರಲ್ಲಿ ವಿಶೇಷ ಏನೂ ಇಲ್ಲ ಅನ್ನುವ ಹಾಗೆ. ಆ ಲೋಕದೊಳಗೆ ಅದು ದಿನನಿತ್ಯದ ಮಾತು, ಅಲ್ವಾ? ಕೊನೆಯ ಭಾಗದಲ್ಲಿ ಮಾತ್ರ ಬ್ರೌನಿಂಗ್ ಅವರನ್ನೇ ಹೆದರಿಸುವ ಗುಂಪಾಗಿ ತೋರಿಸುತ್ತಾನೆ. ಅಲ್ಲಿ ಚಿತ್ರ ತನ್ನ ಜನರಿಗೇ ಅನ್ಯಾಯ ಮಾಡಿತು ಅಂತ ನನ್ನ ಅಭಿಪ್ರಾಯ. ಕಂಪನಿ ಚಿತ್ರವನ್ನು ಸಾಕಷ್ಟು ಕತ್ತರಿಸಿತು. ಬ್ರಿಟನ್‌ನಲ್ಲಿ ಸುಮಾರು 30 ವರ್ಷ ನಿಷೇಧವಿತ್ತು.

ಇನ್ನೂ ಹಿಂದೆ ಹೋದರೆ 1920ರ ಜರ್ಮನ್ ಮೂಕಿಚಿತ್ರ ‘ದಿ ಕ್ಯಾಬಿನೆಟ್ ಆಫ್ ಡಾಕ್ಟರ್ ಕ್ಯಾಲಿಗರಿ’. ಸಂತೆಯಲ್ಲಿ ಡೇರೆ ಹಾಕಲು ಪರವಾನಗಿ ಕೇಳಿಕೊಂಡು ಕ್ಯಾಲಿಗರಿ ಊರಿನ ಕಚೇರಿಗೆ ಹೋಗುತ್ತಾನೆ. ಗುಮಾಸ್ತ ಅವನನ್ನು ಕಡೆಗಣಿಸಿ ಅವಮಾನ ಮಾಡುತ್ತಾನೆ. ಅದೇ ರಾತ್ರಿ ಗುಮಾಸ್ತನ ಕೊಲೆ. ಹೊರಗಿನಿಂದ ಬಂದವನ ಮೇಲೆ ಊರಿಗಿರುವ ತಾತ್ಸಾರ, ಅವನಿಗೆ ಊರಿನ ಮೇಲಿರುವ ಸಿಟ್ಟು ಆಗಲೇ ಇತ್ತು.

ಸಿನಿಮಾ ಈ ಲೋಕಕ್ಕೆ ಮತ್ತೆ ಮತ್ತೆ ಮರಳುವುದಕ್ಕೆ ಕಾರಣ ಇದೆ. ಸಿನಿಮಾ ತಾನೇ ಜಾತ್ರೆಯ ಡೇರೆಯಲ್ಲಿ ಬೆಳೆದ ಕೂಸು. ಚಿತ್ರಮಂದಿರಗಳು ಬರುವ ಮುಂಚೆ ಯುರೋಪಿನ ಸಂತೆಗಳಲ್ಲಿ ಇದೂ ಒಂದು ಆಟ. ಇಂಗ್ಲೆಂಡಿನ ಬ್ಲ್ಯಾಕ್‌ಬರ್ನ್ ಊರಿನ ಮಿಚೆಲ್ ಮತ್ತು ಕೆನ್ಯನ್ ಎಂಬ ಇಬ್ಬರು 1900ರ ಆಸುಪಾಸಿನಲ್ಲಿ ಸಂತೆಯ ಆಟದವರಿಗಾಗಿ ಚಿತ್ರ ತೆಗೆಯುತ್ತಿದ್ದರು. ಕಾರ್ಖಾನೆ ಬಿಟ್ಟು ಹೊರಬರುವ ಕೆಲಸಗಾರರನ್ನು ಹಿಡಿಯುವುದು, ಅವರಿಗೇ ಡೇರೆಯಲ್ಲಿ ತೋರಿಸುವುದು. ತಮ್ಮ ಮುಖ ನೋಡಲು ಜನ ಮುಗಿಬೀಳುತ್ತಿದ್ದರು. ಆ ರೀಲುಗಳು 1994ರಲ್ಲಿ ಬ್ಲ್ಯಾಕ್‌ಬರ್ನ್‌ನ ಒಂದು ಅಂಗಡಿಯ ನೆಲಮಾಳಿಗೆಯಲ್ಲಿ ಸಿಕ್ಕವು, 800ಕ್ಕೂ ಹೆಚ್ಚು. ಫ್ರಾನ್ಸಿನ ಜಾಕ್ ತಾತಿ 1949ರ ‘ಜೂರ್ ದ ಫೆತ್’ನಲ್ಲಿ ಇದನ್ನೇ ಪ್ರೀತಿಯಿಂದ ತೋರಿಸುತ್ತಾನೆ. ಟ್ರ್ಯಾಕ್ಟರ್ ಹಿಂದೆ ಮರದ ಕುದುರೆಗಳು ಹಳ್ಳಿಗೆ ಬರುತ್ತವೆ, ಹಿಂದಿನಿಂದ ಒಬ್ಬ ಹುಡುಗ ಕುಣಿದುಕೊಂಡು ಓಡುತ್ತಾನೆ. ಸಂತೆಯ ಸಿನಿಮಾ ಡೇರೆಯಲ್ಲಿ ಅಮೆರಿಕದ ಅಂಚೆಯವರ ಚಿತ್ರ ನೋಡಿ ಹಳ್ಳಿಯ ಪೋಸ್ಟ್‌ಮ್ಯಾನ್ ಹುಚ್ಚು ಹಿಡಿದವನ ಹಾಗೆ ಸೈಕಲ್ ತುಳಿಯುತ್ತಾನೆ. ನಮ್ಮ ಪಕ್ಕದ ಮಹಾರಾಷ್ಟ್ರದ ಜಾತ್ರೆಗಳಲ್ಲಿ ಲಾರಿ ಮೇಲೆ ಪ್ರೊಜೆಕ್ಟರ್ ಹೊತ್ತು ತಿರುಗುವವರ ಬಗ್ಗೆ 2016ರ ಸಾಕ್ಷ್ಯಚಿತ್ರ ‘ದಿ ಸಿನಿಮಾ ಟ್ರಾವೆಲರ್ಸ್’ ಇದೆ.

ಭಾರತದ ಕಥಾಚಿತ್ರಗಳಲ್ಲಿ ಹೆಚ್ಚಿನವರು ಹೇಳುವುದು 1970ರ ರಾಜ್ ಕಪೂರ್ ಚಿತ್ರ ‘ಮೇರಾ ನಾಮ್ ಜೋಕರ್’. ನಾನು ಮುಂದಿಡುವುದು ಮಲಯಾಳದ ‘ತಂಬ್’. 1978ರಲ್ಲಿ ಜಿ. ಅರವಿಂದನ್ ಮಾಡಿದ್ದು. ಒಂದು ಸರ್ಕಸ್ ಹೊಳೆ ದಂಡೆಯ ಹಳ್ಳಿಗೆ ಬರುತ್ತದೆ, ಕೆಲವು ದಿನ ಇದ್ದು ಹೋಗುತ್ತದೆ. ಕಥೆ ಅಷ್ಟೇ. ಅರವಿಂದನ್ ನಿಜವಾದ ಸರ್ಕಸ್ಸಿನವರನ್ನು ಕರೆತಂದು ಹಳ್ಳಿಯವರಿಗೆ ನಿಜವಾಗಿಯೇ ಆಟ ತೋರಿಸಿದರು. ಜನ ಆಟದಲ್ಲಿ ಮುಳುಗಿದಾಗ ಕ್ಯಾಮೆರಾ ಅವರ ಮುಖದ ಕಡೆ ತಿರುಗಿತು. ಅಜ್ಜಿಯರು, ಮಕ್ಕಳು ಬಾಯಿ ತೆರೆದು ಮೇಲೆ ನೋಡುತ್ತಾರೆ. ನಟನೆ ಅಂತ ಒಂದು ಚೂರೂ ಇಲ್ಲ. ಇನ್ನೊಂದು ಕಡೆ ಆಟದವರ ದಣಿದ ಮುಖ. ನೋಡುವವರು, ನೋಡಿಸಿಕೊಳ್ಳುವವರು ಇಬ್ಬರನ್ನೂ ಒಂದೇ ಗೌರವದಿಂದ ನೋಡಿದ ಸಿನಿಮಾ ಇದು. ಪ್ರತಿಯನ್ನು ಸರಿಪಡಿಸಿದ ಮೇಲೆ 2022ರಲ್ಲಿ ಕಾನ್ ಚಿತ್ರೋತ್ಸವದಲ್ಲಿ ತೋರಿಸಿದರು.

ನಮ್ಮ ಸಿನಿಮಾಗಳಲ್ಲಿ ಜಾತ್ರೆ ಹೆಚ್ಚಾಗಿ ಒಂದು ಹಾಡಿಗೆ, ಒಂದು ಹೊಡೆದಾಟಕ್ಕೆ, ಇಲ್ಲವೇ ಅಣ್ಣ ತಮ್ಮ ಕಳೆದುಹೋಗುವುದಕ್ಕೆ ಬರುತ್ತದೆ. 2022ರ ‘ಕಾಂತಾರ’ದಲ್ಲಿ ಕೋಲ, ಕಂಬಳ ಕಥೆಯ ಜೀವಾಳವೇ. ಆದರೆ ಅವು ಊರಿನವರ ಆಚರಣೆ. ಡೇರೆ ಹೊತ್ತು ಬಂದವರ ಕಥೆ ಅದಲ್ಲ, ಆಗಬೇಕಾಗಿಯೂ ಇರಲಿಲ್ಲ. ಕರಾವಳಿಯಲ್ಲಿ ಈಗ ಇಷ್ಟು ಹುಡುಗರು ಸಿನಿಮಾ ಮಾಡುತ್ತಿದ್ದಾರೆ. ಕೊಡಿ ಹಬ್ಬದಿಂದ ಪತ್ತನಾಜೆಯವರೆಗೆ ಒಂದು ತೊಟ್ಟಿಲಿನ ಲಾರಿ ಹಿಂದೆ ಹೋದರೆ ಅವರಿಗೆ ಕಥೆಗೇನೂ ಬರಗಾಲ ಬಾರದು. ಯಾರಾದರೂ ಮಾಡಲಿ ಅಂತ ನನಗೆ ತುಂಬ ಆಸೆ.

ಹೊಸದಾಗಿ ನೋಡುವವರು ‘ಲಾ ಸ್ಟ್ರಾಡಾ’ದಿಂದ ಶುರು ಮಾಡಿ, ಆಮೇಲೆ ‘ತಂಬ್’ ನೋಡಿ. ಮಕ್ಕಳ ಜೊತೆ ಕೂರುವುದಾದರೆ ತಾತಿಯ ಚಿತ್ರ, ಅದರಲ್ಲಿ ಮಾತು ಕಡಿಮೆ, ನಗು ಜಾಸ್ತಿ. ‘ಫ್ರೀಕ್ಸ್’ ಮತ್ತು ಎರಡೂ ‘ನೈಟ್‌ಮೇರ್ ಆ್ಯಲಿ’ಗಳನ್ನು ಮಕ್ಕಳು ಮಲಗಿದ ಮೇಲೆ ಹಾಕಿ.