ಚರ್ಚ್ ನಡೆಸುತ್ತಲೇ ಕೌಂಟಿ ಕ್ರಿಕೆಟ್ ಆಡೋದು ಹೇಗೆ ಸಾಧ್ಯವಾಗುತ್ತಿತ್ತು?

ಓದುಗರ ಪ್ರಶ್ನೆ: ವಿಕ್ಟೋರಿಯಾ ರಾಣಿಯ ಕಾಲದ ಇಂಗ್ಲೆಂಡಿನ ಸ್ಕೋರ್‌ಕಾರ್ಡ್ ನೋಡಿದರೆ ಕೆಲವು ಹೆಸರುಗಳ ಹಿಂದೆ ‘ರೆವರೆಂಡ್’ ಅಂತ ಇರುತ್ತದೆ. ಇವರು ನಿಜವಾಗಿಯೂ ಪಾದ್ರಿಗಳಾ? ಹಾಗಿದ್ದರೆ ಮೂರು ದಿನದ ಪಂದ್ಯಕ್ಕೆ ಪುರುಸೊತ್ತು ಎಲ್ಲಿಂದ ಬರುತ್ತಿತ್ತು?

ಹೌದು, ನಿಜವಾದ ಪಾದ್ರಿಗಳೇ. ನನಗೆ ಬಹಳ ಇಷ್ಟವಾದವರು ರೆವರೆಂಡ್ ಆರ್ಚ್‌ಡೇಲ್ ವಿಕಮ್. 1855ರಲ್ಲಿ ಹುಟ್ಟಿದವರು. ಸಾಮರ್ಸೆಟ್‌ನ ಮಾರ್ಟಕ್ ಎಂಬ ಊರಿನ ಚರ್ಚಿಗೆ ಪಾದ್ರಿ. ಅದೇ ಹೊತ್ತಿಗೆ ಸಾಮರ್ಸೆಟ್ ತಂಡದ ವಿಕೆಟ್ ಕೀಪರ್ ಕೂಡ. 1891ರಲ್ಲಿ ಸಾಮರ್ಸೆಟ್ ಕೌಂಟಿ ಚಾಂಪಿಯನ್‌ಶಿಪ್‌ಗೆ, ಅಂದರೆ ಇಂಗ್ಲೆಂಡಿನ ಕೌಂಟಿ (ಜಿಲ್ಲೆ) ತಂಡಗಳ ಪಂದ್ಯಾವಳಿಗೆ, ಕಾಲಿಟ್ಟಿತು. ಆ ವರ್ಷದಿಂದ 1907ರವರೆಗೆ, ಬಿಡುವಾದಾಗಲೆಲ್ಲ ಅವರು ಆಡಿದರು.

ಪುರುಸೊತ್ತಿನ ಲೆಕ್ಕ ಅಷ್ಟು ಕಷ್ಟದ್ದಲ್ಲ. ಭಾನುವಾರ ಆಟವೇ ಇರುತ್ತಿರಲಿಲ್ಲ. ಪಂದ್ಯ ಸಾಮಾನ್ಯವಾಗಿ ಸೋಮವಾರ ಶುರುವಾಗಿ ಬುಧವಾರ ಮುಗಿಯುತ್ತಿತ್ತು, ಇಲ್ಲವೇ ಗುರುವಾರದಿಂದ ಶನಿವಾರ. ಪಾದ್ರಿಗೆ ಅತಿ ಮುಖ್ಯವಾದ ದಿನ ಹೇಗೂ ಖಾಲಿ. ಆದಾಯ ಚರ್ಚಿನ ಜಮೀನು ಮತ್ತು ದಶಮಾಂಶದಿಂದ (ಊರಿನ ಜಮೀನಿನ ಹುಟ್ಟುವಳಿಯಲ್ಲಿ ಚರ್ಚಿಗೆ ಸಲ್ಲುವ ಪಾಲು) ಬರುತ್ತಿತ್ತು. ಒಮ್ಮೆ ನೇಮಕವಾದ ಪಾದ್ರಿಯನ್ನು ಕಿತ್ತುಹಾಕುವುದೂ ಸುಲಭವಿರಲಿಲ್ಲ. ಹಾಗಾಗಿ ಅವರು ಸಂಬಳ ಪಡೆಯದ ಅಮೆಚೂರ್ ಆಟಗಾರರಾಗಿ ಆಡಬಹುದಿತ್ತು.

ಇನ್ನೊಂದು ಕಾರಣ ಓದು. ಆಗ ಪಾದ್ರಿಗಳಲ್ಲಿ ಬಹಳ ಮಂದಿ ಆಕ್ಸ್‌ಫರ್ಡ್, ಕೇಂಬ್ರಿಜ್‌ನಲ್ಲಿ ಓದಿದವರು. ಒಳ್ಳೆ ಕ್ರಿಕೆಟ್ ಕಲಿಯುತ್ತಿದ್ದದ್ದೂ ಅಲ್ಲೇ. ವಿಕಮ್ ಕೂಡ ಮಾರ್ಲ್‌ಬರೋ ಶಾಲೆ, ಆಮೇಲೆ ಆಕ್ಸ್‌ಫರ್ಡ್‌ನ ನ್ಯೂ ಕಾಲೇಜ್ ಅಂತ ಅದೇ ದಾರಿಯಲ್ಲಿ ಬಂದವರು. ಗಟ್ಟಿ ಮೈ, ನೇರ ನಡತೆ, ಎರಡೂ ಒಳ್ಳೆ ಕ್ರೈಸ್ತನ ಗುಣ ಅನ್ನುವ ನಂಬಿಕೆ ಆ ಕಾಲದಲ್ಲಿ ಜೋರಾಗಿತ್ತು. ಪಾದ್ರಿ ಮೈದಾನಕ್ಕಿಳಿದರೆ ಮೂಗು ಮುರಿಯುವವರು ಕಡಿಮೆ.

ಆದರೆ ವಿಕಮ್ ಸುಮ್ನೆ ಹವ್ಯಾಸಕ್ಕೆ ಬಂದು ನಿಂತವರಲ್ಲ. ಕಾಲು ಅಗಲಿಸಿ, ಬೇಲ್ಸ್ (ಸ್ಟಂಪ್ ಮೇಲಿನ ಪುಟ್ಟ ಕಡ್ಡಿಗಳು) ಮೇಲೆ ತಲೆಯಷ್ಟೇ ಕಾಣುವ ಹಾಗೆ ಬಗ್ಗಿ ನಿಲ್ಲುತ್ತಿದ್ದರು. 1895ರ ಮೇ ತಿಂಗಳಲ್ಲಿ ಬ್ರಿಸ್ಟಲ್‌ನಲ್ಲಿ ಆ ಕಾಲದ ಅತಿ ಹೆಸರಾಂತ ಆಟಗಾರ ಡಬ್ಲ್ಯೂ. ಜಿ. ಗ್ರೇಸ್ ತಮ್ಮ ನೂರನೇ ಶತಕ ಹೊಡೆದು 288ಕ್ಕೆ ಮುಟ್ಟಿದಾಗ, ಸ್ಟಂಪ್ ಹಿಂದೆ ಇದ್ದವರು ಇದೇ ಪಾದ್ರಿ. ಅಷ್ಟು ದೊಡ್ಡ ಇನ್ನಿಂಗ್ಸ್‌ನಲ್ಲಿ ಗ್ರೇಸ್ ಬ್ಯಾಟನ್ನು ದಾಟಿ ಬಂದದ್ದು ನಾಲ್ಕೇ ಚೆಂಡು ಅಂತ ವಿಕಮ್ ಹೇಳಿದ್ದರು. ಗ್ರೇಸ್ ಬಗ್ಗೆ ಬಂದಿರುವ ಎಷ್ಟೋ ಹೊಗಳಿಕೆಗಿಂತ ಈ ಒಂದು ಲೆಕ್ಕ ಜಾಸ್ತಿ ಹೇಳುತ್ತದೆ, ಅಲ್ವಾ?

ನಾಲ್ಕು ವರ್ಷದ ಮೇಲೆ, 1899ರಲ್ಲಿ, ಟಾಂಟನ್‌ನಲ್ಲಿ ಹ್ಯಾಂಪ್‌ಶೈರ್ ತಂಡ 7 ವಿಕೆಟ್‌ಗೆ 672 ರನ್ ಹೊಡೆಯಿತು. ಮೇಜರ್ ಪೂರ್ 304, ಕ್ಯಾಪ್ಟನ್ ವಿನ್ಯಾರ್ಡ್ 225. ಇಬ್ಬರೂ ಸೇರಿ ಆರನೇ ವಿಕೆಟ್‌ಗೆ 411 ರನ್ ಕೂಡಿಸಿದರು. ಇಷ್ಟೆಲ್ಲದರಲ್ಲಿ ಬೈ, ಅಂದರೆ ಬ್ಯಾಟಿಗೂ ಮೈಗೂ ತಾಗದೆ ಕೀಪರ್ ಕೈತಪ್ಪಿದ ಚೆಂಡಿಗೆ ಸಿಗುವ ರನ್, ಎಷ್ಟು ಗೊತ್ತಾ? ಸೊನ್ನೆ. ಬೌಲರ್‌ಗಳು ಸೋತು ಸುಣ್ಣವಾಗಿದ್ದರು. ಸ್ಟಂಪ್ ಹಿಂದೆ ನಲವತ್ತು ದಾಟಿದ ಪಾದ್ರಿ. ಮಳೆ ಬಿದ್ದರೆ ನೆನೆದು, ಬಿಸಿಲಿಗೆ ಒಡೆಯುವ ಪಿಚ್‌ಗಳ ಕಾಲ. ಇಂದಿನಂಥ ಗ್ಲೌಸ್ ಕೂಡ ಇರಲಿಲ್ಲ. ಪೂರ್ ಅವರ 304ನ್ನು ಎಲ್ಲರೂ ನೆನೆಯುತ್ತಾರೆ. ಆ ಪಂದ್ಯದ ದೊಡ್ಡ ಸಾಧನೆ ಈ ಸೊನ್ನೆ ಅಂತಲೇ ನಾನು ಹೇಳುತ್ತೇನೆ. ಬ್ಯಾಟಿಂಗ್‌ನಲ್ಲಿ ವಿಕಮ್ ಕೊನೆಯ ಸಾಲಿನವರು, ಆ ಮಾತು ಬೇರೆ.

ಚಿಟ್ಟೆ, ಪತಂಗ ಸಂಗ್ರಹಿಸುವ ಹುಚ್ಚೂ ಅವರಿಗಿತ್ತು. ಮಾರ್ಟಕ್ ಆದಮೇಲೆ ಈಸ್ಟ್ ಬ್ರೆಂಟ್‌ನಲ್ಲಿ ಪಾದ್ರಿಯಾಗಿದ್ದು, 1935ರಲ್ಲಿ ತೀರಿಕೊಂಡರು.

ದೇವರ ಕೆಲಸಕ್ಕೂ ಆಟಕ್ಕೂ ಹೊಂದುವುದಿಲ್ಲ ಎಂದುಕೊಂಡವರೂ ಇದ್ದರು. ಸಿ. ಟಿ. ಸ್ಟಡ್ 1882ರಲ್ಲಿ ಓವಲ್‌ನಲ್ಲಿ ಇಂಗ್ಲೆಂಡ್ 7 ರನ್‌ಗಳಿಂದ ಸೋತ ಟೆಸ್ಟ್ ಆಡಿದ್ದವರು. 1885ರಲ್ಲಿ, ಆಟದ ಉತ್ತುಂಗದಲ್ಲಿದ್ದಾಗಲೇ, ಎಲ್ಲ ಬಿಟ್ಟು ಮಿಷನರಿಯಾಗಿ ಚೀನಾಕ್ಕೆ ಹೊರಟರು. 1900ರ ನಂತರ ಕೆಲವು ವರ್ಷ ನಮ್ಮ ಪಕ್ಕದ ಊಟಿಯ ಚರ್ಚಿನಲ್ಲೂ ಸೇವೆ ಮಾಡಿದರು. ಸ್ಟಡ್ ಮಾಡಿದ ತ್ಯಾಗ ದೊಡ್ಡದು. ಆದರೆ ಊರಿನ ಚರ್ಚನ್ನೂ ಬಿಡದೆ, ಸ್ಟಂಪ್ ಹಿಂದಿನ ಜಾಗವನ್ನೂ ಬಿಡದೆ ಹದಿನಾರು ವರ್ಷ ಎರಡನ್ನೂ ನಿಭಾಯಿಸಿದ ವಿಕಮ್ ಅವರನ್ನೂ ನಾನು ಅಷ್ಟೇ ಗೌರವದಿಂದ ನೋಡುತ್ತೇನೆ.